ಹುಲಿ ಕರೆದ ಬೋರೆ

ಚಾಮರಾಜನಗರದ ಸೀಮೆಯಲ್ಲಿ ಜೋಳದ ಹೊಲಗಳು ಮುಗಿದು ಕುರುಚಲು ಕಾಡು ಶುರುವಾಗುವ ಕಡೆ, ಕಕ್ಕೆಹುಂಡಿ ಎಂಬ ಊರಿನ ಪಕ್ಕದಲ್ಲಿ ಒಂದು ಬೋರೆ ಇದೆ. ಬೆಟ್ಟ ಎನ್ನುವಷ್ಟು ಎತ್ತರವಿಲ್ಲ, ದಿಬ್ಬ ಎಂದು ಕಡೆಗಣಿಸುವಂತೆಯೂ ಇಲ್ಲ. ದೂರದಿಂದ ನೋಡಿದರೆ ಮೆಲುಕು ಹಾಕುತ್ತ ಮಲಗಿದ ಎಮ್ಮೆಯ ಬೆನ್ನಿನಂತೆ ಕಾಣುತ್ತದೆ. ಮೈತುಂಬ ಕಾರೆ, ಬಂದರೆ, ಸೀಗೆ ಗಿಡಗಳು. ನಡುನಡುವೆ ಕಕ್ಕೆ, ತಾರೆ, ದಿಂಡುಗದ ಮರಗಳು. ನೆತ್ತಿಯ ಮೇಲೆ ಹತ್ತು ಜನ ಕೂರಬಹುದಾದ ಚಪ್ಪಡಿ ಬಂಡೆ, ಬುಡದಲ್ಲಿ ಬೇಸಗೆಯಲ್ಲೂ ತಳ ಕಾಣದ ಒಂದು ಕಲ್ಲುದೊಣೆ, ಅದರಾಚೆ ಒಂದು ತೊರೆ. ಬೋರೆಯ ಬದಿಯಲ್ಲಿ ‘ಹುಲಿ ಕರೆದ ಬೋರೆ’ ಎಂದು ಹಸಿರು ಹಲಗೆಯ ಮೇಲೆ ಬರೆದಿದೆ. ಕಾಡು ನೋಡಲು ಬರುವವರನ್ನು ಜೀಪಿನಲ್ಲಿ ಕರೆತರುವ ಹುಡುಗರು ಇಲ್ಲಿ ಗಾಡಿಯ ವೇಗ ತಗ್ಗಿಸಿ, ಹಿಂದಿನ ಕಾಲದಲ್ಲಿ ಇಲ್ಲಿ ನಿಂತು ಹುಲಿಯೊಂದು ಕೂಗಿದ ಕೂಗಿಗೆ ರಾಜನ ಕುದುರೆ ಎದೆಯೊಡೆದು ಸತ್ತಿತೆಂದು ಹೇಳುತ್ತಾರೆ. ಬಂದವರು ಫೋನು ಎತ್ತಿ ಖಾಲಿ ಬಂಡೆಯ ಚಿತ್ರ ತೆಗೆದುಕೊಂಡು ಹೋಗುತ್ತಾರೆ. ಕಕ್ಕೆಹುಂಡಿಯ ಹಿರಿಯರಿಗೆ ಈ ಕುದುರೆಯ ಕಥೆ ಸ್ವಲ್ಪವೂ ಹಿಡಿಸುವುದಿಲ್ಲ. ಹುಲಿ ಕೂಗುತ್ತದೆ, ಗರ್ಜಿಸುತ್ತದೆ, ಮನಸ್ಸಾದರೆ ಸುಮ್ಮನಿರುತ್ತದೆ; ಕರೆಯುವುದು ಏನಿದ್ದರೂ ಮನುಷ್ಯರ ಕೆಲಸ ಎನ್ನುತ್ತಾರೆ ಅವರು. ಅಂದರೆ ಹುಲಿ ಯಾರನ್ನೂ ಕರೆಯಲಿಲ್ಲ. ಹುಲಿಯನ್ನೇ ಕರೆದರು. ಕರೆದವನು ಅವರ ಊರಿನ ಗೌಡ.

ಹಿಂದೆ ಒಮ್ಮೆ, ಪಾಳೇಗಾರರು ಇನ್ನೂ ತಮ್ಮ ತಮ್ಮ ಮಣ್ಣಿನ ಕೋಟೆಗಳಲ್ಲಿ ಆಳುತ್ತಿದ್ದ ದಿನಗಳಲ್ಲಿ, ಕಕ್ಕೆಹುಂಡಿಗೆ ಹಲಗೇಗೌಡನೆಂಬವನು ಗೌಡನಾಗಿದ್ದ. ಆಳು ಎತ್ತರ, ಮೀಸೆ ದಪ್ಪ, ದನಿ ಇವೆರಡಕ್ಕಿಂತ ದೊಡ್ಡದು. ಹೆಂಡತಿಯ ಕಿವಿಯಲ್ಲಿ ಅವನು ಗುಟ್ಟು ಹೇಳಿದರೆ ಕೆರೆಯಾಚೆ ಬಟ್ಟೆ ಒಗೆಯುವವರು ಅದಕ್ಕೆ ಉತ್ತರ ಕೊಡುತ್ತಿದ್ದರಂತೆ. ಕೆಟ್ಟವನಲ್ಲ. ಊರಿನ ಕಷ್ಟಕ್ಕೆ ಮೊದಲು ಎದ್ದು ಬರುವವನೇ. ಆದರೆ ಎದ್ದು ಬಂದದ್ದನ್ನು ವರ್ಷವಿಡೀ ಹೇಳಿಕೊಳ್ಳುವವನು. ಆಗ ಬೋರೆಯ ಮೇಲೆ ಒಂದು ಹುಲಿ ಇತ್ತು. ಅದರ ಹೆಸರನ್ನು ಊರಿನಲ್ಲಿ ಯಾರೂ ಎತ್ತುತ್ತಿರಲಿಲ್ಲ; ಹೆಸರೆತ್ತಿದರೆ ಬಾಗಿಲಿಗೆ ಬರುತ್ತದೆಂಬ ಭಯ. ‘ದೊಡ್ಡವರು’ ಎನ್ನುತ್ತಿದ್ದರು. ‘ದೊಡ್ಡವರು ನೆನ್ನೆ ದೊಣೆಯಲ್ಲಿ ನೀರು ಕುಡಿದವರೆ’, ‘ದೊಡ್ಡವರು ಕೆಮ್ಮಿದ ಹಾಗಾಯ್ತು’ ಎಂದು ಮನೆಯ ಹಿರಿಯ ಮಾವನ ವಿಚಾರ ಮಾತಾಡುವಂತೆ ಮಾತಾಡಿಕೊಳ್ಳುತ್ತಿದ್ದರು. ವರ್ಷಕ್ಕೊಮ್ಮೆ ಯಾರದೋ ಒಂದು ಕರುವೋ ಮುದಿ ಎತ್ತೋ ಹೋಗುತ್ತಿತ್ತು. ಕಳೆದುಕೊಂಡವರು ಅಳುತ್ತಿದ್ದರು, ಬೋರೆಯ ಕಡೆ ತಿರುಗಿ ಶಪಿಸುತ್ತಿದ್ದರು, ಆಮೇಲೆ ಉಳುಮೆಯ ಗಡಿಬಿಡಿಯಲ್ಲಿ ಮರೆಯುತ್ತಿದ್ದರು. ಹೊಲಕ್ಕೆ ಕಾಡುಹಂದಿ ಬಾರದೆ ಇರುವುದು ಮಾತ್ರ ಯಾರ ಗಮನಕ್ಕೂ ಬಂದಿರಲಿಲ್ಲ. ಬಾರದೆ ಇರುವುದನ್ನು ಯಾರು ತಾನೆ ಗಮನಿಸುತ್ತಾರೆ?

ಹಲಗೇಗೌಡ ಆ ಹುಲಿಯನ್ನು ಕಣ್ಣಾರೆ ಕಂಡವನಲ್ಲ. ಆದರೆ ಹೇಳಿಕೊಳ್ಳುವುದಕ್ಕೆ ಕಾಣಲೇಬೇಕೆಂದೇನೂ ಇರಲಿಲ್ಲ. ತಾನು ಹರೆಯದಲ್ಲಿದ್ದಾಗ ತಲೆಯ ರುಮಾಲು ಬಿಚ್ಚಿ ಬೀಸಿ ದೊಡ್ಡವರನ್ನು ಬೋರೆಯ ನೆತ್ತಿಯವರೆಗೆ ಅಟ್ಟಿದ್ದೆನೆಂದು ಅವನು ಚಾವಡಿಯಲ್ಲಿ ಹೇಳುತ್ತಿದ್ದ. ವರ್ಷ ಕಳೆದಂತೆ ಆ ಕಥೆಯಲ್ಲಿ ರುಮಾಲು ಚಿಕ್ಕದಾಗುತ್ತ, ಹುಲಿ ದೊಡ್ಡದಾಗುತ್ತ ಬಂದಿತ್ತು. ಊರಿನವರು ತಲೆಯಾಡಿಸುತ್ತಿದ್ದರು. ಅವನ ಹೆಂಡತಿ ಕೆಂಪಾಜಮ್ಮ ಮಾತ್ರ ಆ ಕಥೆ ಶುರುವಾದೊಡನೆ ಒಳಗೆದ್ದು ಹೋಗಿ ರಾಗಿ ಬೀಸಲು ಕೂರುತ್ತಿದ್ದಳು. ಬೀಸುಕಲ್ಲಿನ ಸದ್ದು ಗಂಡನ ದನಿಯನ್ನೂ ಮೀರಿಸಲೆಂದು ಬೇಕೆಂದೇ ಜೋರಾಗಿ ತಿರುವುತ್ತಿದ್ದಳು ಎನ್ನುತ್ತಾರೆ.

ಗೌಡನಿಗೆ ಮಲ್ಲಾಜಿ ಎಂಬ ಒಬ್ಬಳೇ ಮಗಳು. ಅವಳಿಗೆ ತೊರೆಯಾಚೆಯ ನೇರಳೆಕೊಪ್ಪಲಿನ ಗೌಡ ಚಿಕ್ಕಣ್ಣೇಗೌಡನ ಮಗನ ಸಂಬಂಧ ಕೂಡಿಬಂತು. ಚಿಕ್ಕಣ್ಣೇಗೌಡ ಹೆಸರಿಗೆ ತಕ್ಕಂತೆ ಸಣ್ಣ ಆಳು; ಒಂದು ಮಾತು ಆಡಿದರೆ ಇನ್ನೊಂದು ಮಾತಿಗೆ ವೀಳ್ಯದೆಲೆ ಅಗಿದು ಮುಗಿಸುವಷ್ಟು ಹೊತ್ತು ತೆಗೆದುಕೊಳ್ಳುವವನು. ಹೆಣ್ಣು ನೋಡಲು ಬಂದವರಿಗೆ ಹುಡುಗಿ ಒಪ್ಪಿಗೆಯಾದಳು, ಹುಡುಗ ಹುಡುಗಿ ಒಬ್ಬರನ್ನೊಬ್ಬರು ಓರೆಗಣ್ಣಿನಲ್ಲಿ ನೋಡಿಕೊಂಡರು, ಒಬ್ಬಟ್ಟಿನ ಊಟವೂ ಆಯಿತು. ತಾಂಬೂಲ ಬದಲಾಯಿಸುವ ಮೊದಲು ಬೀಗರಿಗೆ ಹೊಲ ತೋರಿಸಿಬರುತ್ತೇನೆಂದು ಹಲಗೇಗೌಡ ಚಿಕ್ಕಣ್ಣೇಗೌಡನನ್ನು ಕರೆದುಕೊಂಡು ಹೊರಟ. ದಾರಿ ಬೋರೆಯ ಬುಡದಲ್ಲೇ ಹಾಯುತ್ತಿತ್ತು. ಸಹಜವಾಗಿಯೇ ಗೌಡನಿಗೆ ರುಮಾಲಿನ ಕಥೆ ನೆನಪಾಯಿತು. ಅವನು ಎರಡೂ ಕೈ ಎತ್ತಿ, ಹುಲಿ ಹೇಗೆ ಬಾಲ ಮಡಚಿಕೊಂಡಿತೆಂದು ತೋರಿಸುತ್ತಿದ್ದಾಗ, ಮುಂದಿನ ಸೀಗೆ ಮೆಳೆ ಅಲುಗಿತು. ಹುಲಿ ಆಚೆ ಬಂದು ದಾರಿಯ ನಡುವೆ ನಿಂತು ಇಬ್ಬರನ್ನೂ ನೋಡಿತು.

ಪಕ್ಕದಲ್ಲಿ ಒಂದು ಬೇವಿನ ಮರವಿತ್ತು. ಹಲಗೇಗೌಡ ಅದನ್ನು ಹೇಗೆ ಹತ್ತಿದನೆಂಬುದು ಅವನಿಗೂ ಆಮೇಲೆ ನೆನಪಿರಲಿಲ್ಲ. ಚಿಕ್ಕಣ್ಣೇಗೌಡನಿಗೆ ಚೆನ್ನಾಗಿ ನೆನಪಿತ್ತು, ಏಕೆಂದರೆ ಹತ್ತುವಾಗ ಹಲಗೇಗೌಡನ ಒಂದು ಕಾಲು ಬಂದದ್ದು ಅವನ ಹೆಗಲ ಮೇಲೆ, ಇನ್ನೊಂದು ಕಾಲು ಬಂದದ್ದು ತಲೆಯ ರುಮಾಲಿನ ಮೇಲೆ. ಅಷ್ಟು ಭಾರ ಬಿದ್ದ ಮೇಲೆ ಚಿಕ್ಕಣ್ಣೇಗೌಡನಿಗೆ ಓಡುವುದಿರಲಿ, ಕದಲುವುದಕ್ಕೂ ಆಗಲಿಲ್ಲ. ನೆಟ್ಟ ಗೂಟದ ಹಾಗೆ ನಿಂತೇ ಇದ್ದ. ಹುಲಿ ಮರದ ಮೇಲಿನವನನ್ನು ನೋಡಿತು, ಕೆಳಗಿನವನನ್ನು ನೋಡಿತು, ಬಾಯಗಲಿಸಿ ಒಂದು ಆಕಳಿಕೆ ತೆಗೆದು, ಬಂದ ದಾರಿಯಲ್ಲೇ ಮೆಳೆಯೊಳಗೆ ಹೋಯಿತು.

ಸುಮಾರು ಹೊತ್ತಿನ ಮೇಲೆ ಚಿಕ್ಕಣ್ಣೇಗೌಡ ತಲೆಯೆತ್ತಿ ಹೇಳಿದ: “ಬೀಗರೆ, ಹೋಯ್ತು. ಇಳೀರಿ.”

“ಅದು ಯಾವ ಕಡೆ ಹೋಯ್ತದೆ ಅಂತ ಮೇಲಿಂದ ನೋಡ್ತಾ ಇವ್ನಿ” ಎಂದ ಹಲಗೇಗೌಡ.

“ನೋಡಿ, ನಿಧಾನವಾಗೇ ನೋಡಿ. ಆದರೆ ನನ್ನ ರುಮಾಲು ನಿಮ್ಮ ಕಾಲಿಗೆ ಸಿಕ್ಕೊಂಡದೆ. ಅದನ್ನ ಕೆಳಕ್ಕೆ ಹಾಕಿದರೆ ನಾನು ಊರಿಗೆ ಹೋಯ್ತೀನಿ.”

ಆವತ್ತು ತಾಂಬೂಲ ಬದಲಾಗಲಿಲ್ಲ. ಸುಗ್ಗಿ ಮುಗಿಯಲಿ, ನೋಡೋಣ ಎಂದು ಚಿಕ್ಕಣ್ಣೇಗೌಡ ತೊರೆ ದಾಟಿದ. ಕಡಿಮೆ ಮಾತಿನವನಾದರೂ ಈ ಒಂದು ಸಂಗತಿಯನ್ನು ಅವನು ಹೆಂಡತಿಗೆ ಹೇಳಿದ, ಅಷ್ಟು ಸಾಕಾಯಿತು. ಸಂತೆಯಿಂದ ಸಂತೆಗೆ ಸುದ್ದಿ ನಡೆದು, ಸುತ್ತಲಿನ ಊರುಗಳಲ್ಲಿ ಹಲಗೇಗೌಡನಿಗೆ ‘ಹೆಗಲೇಗೌಡ’ ಎಂಬ ಹೆಸರು ಬಿತ್ತು. ಎದುರಿಗೆ ಯಾರೂ ಅನ್ನುತ್ತಿರಲಿಲ್ಲ. ಆದರೆ ಅವನು ಬರುವುದನ್ನು ಕಂಡರೆ ಸಂತೆಯ ಪಡ್ಡೆ ಹುಡುಗರು ಎರಡೂ ಹೆಗಲು ಮುಚ್ಚಿಕೊಂಡು ಪಕ್ಕಕ್ಕೆ ಸರಿಯುತ್ತಿದ್ದರು. ಊಟ ಸೇರದಾಯಿತು, ಚಾವಡಿಗೆ ಹೋಗುವುದು ತಪ್ಪಿತು. ತಪ್ಪು ತನ್ನ ಕಾಲಿನದು ಎಂದುಕೊಳ್ಳಲು ಅವನಿಗೆ ಮನಸ್ಸಾಗಲಿಲ್ಲ. ತಪ್ಪು ಹುಲಿಯದು ಎಂದುಕೊಳ್ಳುವುದು ಸುಲಭವಾಗಿತ್ತು. ಬೇಸಗೆ ಬರುತ್ತಿದ್ದಂತೆ ಅವನು ಊರು ಸೇರಿಸಿ, ವರ್ಷ ವರ್ಷ ದನ ಕಳೆದುಕೊಂಡದ್ದು ಸಾಕು, ಈ ಸಲ ದೊಡ್ಡವರನ್ನು ಗಡಿ ದಾಟಿಸಲೇಬೇಕು ಎಂದ. ಎತ್ತು ಕಳೆದುಕೊಂಡವರು ಹೂಂ ಎಂದರು. ಉಳಿದವರು, ಗೌಡ ಅಷ್ಟು ಜೋರಾಗಿ ಹೇಳುವಾಗ ಇಲ್ಲವೆನ್ನುವುದು ಹೇಗೆಂದು ಹೂಂ ಎಂದರು.

ತಮಟೆ, ಕೊಂಬು, ತಗಡು, ಮೊರ, ಸದ್ದು ಮಾಡುವ ಎಲ್ಲವನ್ನೂ ಹಿಡಿದು ಊರೇ ಹೊರಟಿತು. ಮೆಳೆಗಳನ್ನು ಕಡಿದರು. ಮರಗಳನ್ನು ಉರುಳಿಸಿದರು, ಆ ಬೇವಿನ ಮರಕ್ಕೆ ಮೊದಲ ಕೊಡಲಿ ಪೆಟ್ಟು ಗೌಡನೇ ಹಾಕಿದ. ದೊಣೆಗೆ ಕಲ್ಲು ತುಂಬಿದರು. ಕೊನೆಗೆ ಬೋರೆಗೆ ಬೆಂಕಿಯಿಟ್ಟರು. ಹೊಗೆಯ ನಡುವಿನಿಂದ ಹುಲಿ ಇನ್ನೊಂದು ಪಕ್ಕಕ್ಕೆ ಇಳಿದು, ಒಣಗಿದ ತೊರೆಯನ್ನು ಅವಸರವಿಲ್ಲದೆ ದಾಟಿ, ಆಚೆ ದಡದಲ್ಲಿ ಕುಳಿತು ಮುಂಗಾಲು ನೆಕ್ಕಿಕೊಂಡು, ನೇರಳೆಕೊಪ್ಪಲಿನ ಕಾಡಿನೊಳಗೆ ನಡೆದುಹೋಯಿತು. ಹಲಗೇಗೌಡ ಕರಿ ಹಿಡಿದ ಬಂಡೆಯ ಮೇಲೆ ನಿಂತು ಮೀಸೆ ತಿರುವಿದ. ಮನೆಗೆ ಬಂದಾಗ ಕೆಂಪಾಜಮ್ಮ ಕಾಲಿಗೆ ನೀರು ಕೊಟ್ಟು ಕೇಳಿದಳು: “ಹೋದರಾ?”

“ಹೋಗದೆ ಇನ್ನೇನು. ತೊರೆ ದಾಟಿಸಿಬಿಟ್ಟೊ.”

“ತೊರೆ ಆಚೆ ಇರೋದು ಬೀಗರ ಊರು. ಅವರ ತಲೆ ಮೇಲೆ ಕಾಲಿಟ್ಟದ್ದು ಸಾಲದು ಅಂತ ಈಗ ಅವರ ಮನೆ ಬಾಗಿಲಿಗೆ ಇದನ್ನೂ ಕಳಿಸಿದ್ರಿ. ಇನ್ನು ಮಗಳ ವಿಚಾರ ಯಾವ ಬಾಯಲ್ಲಿ ಎತ್ತೋದು?”

ಗೌಡನಿಗೆ ಇದು ಹೊಳೆದೇ ಇರಲಿಲ್ಲ. ಅವನು ಅಂದು ರಾತ್ರಿ ಮುದ್ದೆ ಮುಟ್ಟದೆ ಮಲಗಿದ.

ಮಳೆ ಬಂತು. ರಾಗಿ, ಜೋಳ, ಅವರೆ ಒಟ್ಟಿಗೆ ಎದ್ದವು. ಮೊದಲು ಬಂದವು ಚುಕ್ಕೆ ಜಿಂಕೆಗಳು. ಹೆಂಗಸರು ಮಕ್ಕಳು ಬದುವಿನ ಮೇಲೆ ನಿಂತು ಅವುಗಳ ಚಂದ ನೋಡಿದರು. ಆಮೇಲೆ ಹಂದಿಗಳು ಬಂದವು. ಒಂದು ಹೆಣ್ಣು ಹಂದಿ, ಅದರ ಹಿಂದೆ ಸಾಲುಗಟ್ಟಿ ಮರಿಗಳು, ಆ ಮರಿಗಳ ಚಿಕ್ಕಮ್ಮ ದೊಡ್ಡಮ್ಮಂದಿರು, ಅವರೆಲ್ಲರ ಗಂಡಂದಿರು. ಅವುಗಳಿಗೆ ಹೇಳುವವರು ಕೇಳುವವರು ಯಾರೂ ಇರಲಿಲ್ಲ. ಗೆಣಸಿನ ತಾಕು ಉತ್ತ ಹಾಗಾಯಿತು. ರಾಗಿ ಹೊಲಗಳು ಕಣದಂತೆ ಮಟ್ಟಸವಾದವು. ಒಂದು ಒಂಟಿ ಹಂದಿಯಂತೂ ಹಾಡುಹಗಲೇ ಗೌಡನ ಹಿತ್ತಿಲಿಗೆ ಬಂದು, ಎಮ್ಮೆಗೆಂದು ಇಟ್ಟ ಮುಸುರೆ ಕುಡಿದು, ಬಾನಿಯನ್ನು ಮಗುಚಿ ಹೋಗುವುದನ್ನು ರೂಢಿ ಮಾಡಿಕೊಂಡಿತು. ಊರಿನ ಗಂಡಸರೆಲ್ಲ ಹೊಲದಲ್ಲಿ ಅಟ್ಟಣೆ ಕಟ್ಟಿ ಇರುಳೆಲ್ಲ ಕಾಯತೊಡಗಿದರು, ಹಗಲೆಲ್ಲ ತೂಕಡಿಸತೊಡಗಿದರು. ಮಠದ ಅಯ್ಯನವರು ಮಗ್ಗಿ ಹೇಳಿಕೊಡುವಾಗ ಮಕ್ಕಳಿಗಿಂತ ಮೊದಲೇ ಗೊರಕೆ ಹೊಡೆದರು. ನಾಯಿಂದ ಹೊನ್ನಯ್ಯ ಒಬ್ಬರ ಅರ್ಧ ಮೀಸೆ ತೆಗೆದು ನಿದ್ದೆ ಹೋದ. ಮೀಸೆಯವನೂ ನಿದ್ದೆ ಹೋಗಿದ್ದರಿಂದ ಜಗಳವಾಗಲಿಲ್ಲ. ಹಲಗೇಗೌಡ ತನ್ನ ಅಟ್ಟಣೆಯ ಮೇಲಿಂದ ಎದೆಯೊಡೆಯುವ ಹಾಗೆ ಕೂಗಿದರೆ, ಆ ಒಂಟಿ ಹಂದಿ ಅದೇ ಅಟ್ಟಣೆಯ ಕಂಬಕ್ಕೆ ಬೆನ್ನು ತಿಕ್ಕಿಕೊಳ್ಳುತ್ತ ಕೇಳುತ್ತಿತ್ತು. ತಿಕ್ಕಿ ತಿಕ್ಕಿ ಕಂಬ ಮುರಿದು ಗೌಡ ಕೆಳಗೆ ಬಿದ್ದಾಗ ಅದು ದಾರಿ ಬಿಟ್ಟು ಪಕ್ಕಕ್ಕೆ ನಿಂತಿತಂತೆ, ಬಂದವರಿಗೆ ಜಾಗ ಬಿಡುವ ಹಾಗೆ.

ನಗುವ ಸಂಗತಿಯಾಗಿ ಅದು ಬಹಳ ಕಾಲ ಉಳಿಯಲಿಲ್ಲ. ಸುಗ್ಗಿಗೆ ಕೊಯ್ಯುವುದೇ ಇರಲಿಲ್ಲ. ಧಾನ್ಯ ತುಂಬಿಡುವ ನೆಲದೊಳಗಿನ ಹಗೇವುಗಳಿಗೆ ಇಳಿದವರ ಕಾಲಿಗೆ ಬರಿ ತಳ ಸಿಕ್ಕಿತು. ಎರಡು ಮೂರು ಮನೆಯವರು ಗಾಡಿ ಹೂಡಿ ನೆಂಟರ ಊರಿಗೆ ಹೊರಟರು. ಇನ್ನೆರಡು ಬೆಳೆ ಹೀಗೇ ಹೋದರೆ ಊರಿಗೆ ಊರೇ ಎದ್ದುಹೋಗುವುದು ಖಂಡಿತವಾಗಿತ್ತು. ತೊರೆಯಾಚೆ ನೋಡಿದರೆ ನೇರಳೆಕೊಪ್ಪಲಿನ ಹೊಲಗಳಲ್ಲಿ ರಾಗಿ ತೆನೆ ತೂಗುತ್ತಿತ್ತು. ಅಲ್ಲಿ ಒಬ್ಬರದು ಕರು ಹೋಯಿತಂತೆ, ಜನ ಕೊಡಲಿ ಎತ್ತಿಕೊಂಡರಂತೆ, ಚಿಕ್ಕಣ್ಣೇಗೌಡ ‘ಇರಲಿ ಬಿಡಿ’ ಎಂದು ಅವರನ್ನು ತಡೆದನಂತೆ ಎಂಬ ಸುದ್ದಿಯೂ ಬಂತು.

ಚಾವಡಿಯಲ್ಲಿ ಊರು ಸೇರಿತು. ಗುಂಡಿ ತೋಡೋಣ ಎಂದರು ಕೆಲವರು, ಪಾಳೇಗಾರನ ಬೇಟೆಗಾರರನ್ನು ಕರೆಸೋಣ ಎಂದರು ಇನ್ನು ಕೆಲವರು. ಬೇಟೆಗಾರರು ಹಂದಿಗಿಂತ ಹೆಚ್ಚು ತಿನ್ನುತ್ತಾರೆಂದು ಆ ಮಾತು ಬಿದ್ದುಹೋಯಿತು. ಊರಿನ ಹಿರಿಯ ಕಾಳಣ್ಣ, ಅಷ್ಟು ಹೊತ್ತು ಮಲಗಿದ್ದವನು, ಕಣ್ಣು ಬಿಟ್ಟು ಹೇಳಿದ: “ದೊಡ್ಡವರು ಇದ್ದಾಗ ಹಂದಿ ಇರನಿಲ್ಲ.”

ಆ ಮಾತನ್ನು ಹಿಂದೆ ಯಾರೂ ಆಡಿರಲಿಲ್ಲ. ಆಡಿದ ಮೇಲೆ ಇಲ್ಲವೆನ್ನುವವರೂ ಇರಲಿಲ್ಲ. ಎಲ್ಲರೂ ಗೌಡನ ಮುಖ ನೋಡಿದರು. ಕಂಬದ ಮರೆಯಲ್ಲಿ ನಿಂತಿದ್ದ ಕೆಂಪಾಜಮ್ಮ ಸೆರಗು ಸರಿಮಾಡಿಕೊಂಡು, “ಓಡಿಸಿದವರು ಕರೀಲಿ. ಮುನಿಸಿಕೊಂಡು ಹೋದ ನೆಂಟರನ್ನ ನಾವು ಕರೆಯೋದಿಲ್ವ? ವೀಳ್ಯ ಹಿಡಿದು, ತಪ್ಪಾಯ್ತು ಅಂತ ಬಾಯಿಬಿಟ್ಟು ಹೇಳಿ ಕರೀಬೇಕು” ಎಂದಳು.

ಪಕ್ಕದಲ್ಲಿದ್ದ ಮಲ್ಲಾಜಿ ಕೇಳಿದಳು: “ಕರೆದರೆ ಬಂದು ಎಲ್ಲಿ ಇಳೀಬೇಕು ಅವ್ವ? ಬೋರೆ ಬೋಳಾಗದೆ. ದೊಣೆ ತುಂಬ ಕಲ್ಲು. ನಮ್ಮ ಮನೇಲಿ ನೆರಳಿಲ್ಲ, ನೀರಿಲ್ಲ, ಆದರೂ ಬನ್ನಿ ಅಂತ ಕರೆದರೆ ಯಾರು ಬಂದಾರು?”

ಹೀಗೆ, ಕರೆಯುವ ಮೊದಲು ಮನೆ ಅಣಿಮಾಡುವ ಕೆಲಸ ಶುರುವಾಯಿತು. ತುಂಬಿದವರೇ ದೊಣೆಯ ಕಲ್ಲು ಎತ್ತಿ ಹಾಕಿದರು. ಬೋರೆಯ ಮೇಲೆ ಕೊಡಲಿ ಆಡಬಾರದು, ದನ ಬಿಡಬಾರದು, ಉರುಲು ಕಟ್ಟಬಾರದು, ಚಿಲುಮೆಯ ಕಿಡಿಯಷ್ಟು ಬೆಂಕಿಯೂ ಬೀಳಬಾರದು ಎಂದು ಡಂಗುರ ಸಾರಿದರು. ಈ ಕಟ್ಟಳೆಯನ್ನು ಮೊದಲು ಮುರಿದದ್ದು ಗೌಡನದೇ ಆಡುಗಳು. ಅವುಗಳನ್ನು ಅಟ್ಟುತ್ತ ಹಲಗೇಗೌಡ ಬೋರೆಯನ್ನು ಎಷ್ಟು ಸಲ ಹತ್ತಿ ಇಳಿದನೆಂದರೆ, ಅವನ ಹೊಟ್ಟೆ ಕರಗಿ ಪಂಚೆ ಎರಡು ಸುತ್ತು ಹೆಚ್ಚು ಬರುವಂತಾಯಿತು. ಒಂದು ಮಳೆಗಾಲ ಹಾಗೆ ಕಳೆಯಿತು. ಸುಟ್ಟ ಬೊಡ್ಡೆಗಳು ಚಿಗುರಿ, ಸೀಗೆ ಮೆಳೆ ಮತ್ತೆ ಹಬ್ಬಿ, ಬೋರೆ ಹಸಿರು ಹೊದ್ದಿತು. ಈ ನಡುವೆ ಮಲ್ಲಾಜಿಯನ್ನು ನೋಡಲು ಬೇರೆ ಕಡೆಯಿಂದ ಗಂಡು ಬಂದರೆ ಅವಳಿಗೆ ತಲೆನೋವು ಬರುತ್ತಿತ್ತು. ನೇರಳೆಕೊಪ್ಪಲಿನ ಹುಡುಗನಿಗೂ ಅದೇ ಬಗೆಯ ತಲೆನೋವಂತೆ ಎಂದು ತೊರೆಯಲ್ಲಿ ಬಟ್ಟೆ ಒಗೆಯುವ ಹೆಂಗಸರು ಆಡಿಕೊಂಡರು.

ಕಾರ್ತಿಕದ ಒಂದು ಸೋಮವಾರ ಸಂಜೆ, ಹೊತ್ತು ಇಳಿಯುವ ಮುಂಚೆ, ಕರೆಯುವುದೆಂದು ಗೊತ್ತಾಯಿತು. ಊರಿನವರೆಲ್ಲ ಗೌಡನನ್ನು ಬೋರೆಯ ಬುಡದವರೆಗೆ ಬಿಟ್ಟು, ತಾವು ದೂರದ ಕೆರೆ ಏರಿಯ ಮೇಲೆ ಸಾಲಾಗಿ ನಿಂತರು. ಹಲಗೇಗೌಡ ಮಡಿ ಪಂಚೆಯುಟ್ಟು, ಹೊಸ ರುಮಾಲು ಸುತ್ತಿ, ಹಿತ್ತಾಳೆ ತಟ್ಟೆಯಲ್ಲಿ ವೀಳ್ಯದೆಲೆ ಅಡಕೆ ಹಿಡಿದು ಒಬ್ಬನೇ ನೆತ್ತಿಯ ಬಂಡೆ ಹತ್ತಿದ. ಏನು ಹೇಳಬೇಕೆಂದು ಕೆಂಪಾಜಮ್ಮ ಬಾಯಿಪಾಠ ಮಾಡಿಸಿದ್ದಳು. ಆದರೆ ಬಂಡೆಯ ಮೇಲೆ ನಿಂತಾಗ ಅವನಿಗೊಂದು ಫಜೀತಿ ಅರಿವಾಯಿತು. ಮೆಲ್ಲಗೆ ಕರೆದರೆ ಕರೆದದ್ದು ಲೆಕ್ಕಕ್ಕಿಲ್ಲವೆಂದು ಊರು ಒಪ್ಪುವುದಿಲ್ಲ. ಜೋರಾಗಿ ಕರೆದರೆ ಹುಲಿ ನಿಜವಾಗಿಯೂ ಬಂದುಬಿಡಬಹುದು. ಜೀವಮಾನದಲ್ಲಿ ಮೊದಲ ಸಲ ಅವನು ತನ್ನ ಮೀಸೆಗೆ ಮಾತ್ರ ಕೇಳುವ ಹಾಗೆ ಮಾತಾಡಿದ: “ದೊಡ್ಡವರೇ, ಬನ್ನಿ.”

“ಕೇಳಿಸ್ತಾ ಇಲ್ಲ ಗೌಡ್ರೇ” ಎಂದು ಕೆರೆ ಏರಿಯಿಂದ ಕಾಳಣ್ಣ ಕೂಗಿದ.

ಗೌಡ ಇನ್ನೊಮ್ಮೆ ಕರೆದ, ಸ್ವಲ್ಪ ಜೋರಾಗಿ. ಏರಿಯ ಮೇಲಿನವರು ಕಿವಿಗೆ ಕೈಯಿಟ್ಟುಕೊಂಡು ತಲೆಯಾಡಿಸಿದರು. ಬಂಡೆಯ ಮೇಲಿಂದ ಅವನಿಗೆ ಊರೆಲ್ಲ ಕಾಣುತ್ತಿತ್ತು: ಹೊಗೆಯಾಡದ ಮನೆಗಳು, ಬೀಗ ಹಾಕಿದ ಬಾಗಿಲುಗಳು, ಹಂದಿ ಉತ್ತ ಹೊಲಗಳು. ಏರಿಯ ಮೇಲೆ ಮಗಳು ನಿಂತಿದ್ದಳು. ಹೆಂಡತಿ ಹೇಳಿಕೊಟ್ಟದ್ದು ಮರೆತುಹೋಗಿ, ತನ್ನದೇ ಮಾತು, ತನ್ನದೇ ದೊಡ್ಡ ದನಿಯಲ್ಲಿ ಹೊರಟಿತು.

“ದೊಡ್ಡವರೇ, ತಪ್ಪಾಯ್ತು. ಆವತ್ತು ಆ ಬೇವಿನ ಮರದ ತಾವು ಹೆದರಿದವನು ನಾನು. ನೀವೇನು ಮಾಡಿದ್ರಿ? ಸುಮ್ಮನೆ ನಿಂತಿದ್ರಿ. ನಾನು ಹೆದರಿದೆ ಅಂತ ಹೇಳೋಕೆ ನಾಚಿಕೆಯಾಗಿ ನಿಮ್ಮ ಮೇಲೆ ಹಗೆ ಸಾಧಿಸಿದೆ. ನಿಮ್ಮನ್ನ ಕಳಕೊಂಡು ನನ್ನ ಊರು ಹಾಳಾಯ್ತು, ನನ್ನ ಮಗಳ ಬಾಳು ನಿಂತೋಯ್ತು. ನಾನು ಯಾವ ರುಮಾಲೂ ಬೀಸಿದವನಲ್ಲ. ಕ್ವಾಪ ಬಿಟ್ಟು ಬನ್ನಿ. ಈ ಜಾಗ ನಿಮ್ಮದು.”

ಆ ದನಿ ಬೋರೆಗೆ ತಾಗಿ, ಕೆರೆಗೆ ತಾಗಿ, ತೊರೆಯನ್ನೂ ದಾಟಿತು. ‘ಹೆದರಿದೆ’ ಎಂಬ ಮಾತನ್ನು ಹಲಗೇಗೌಡನ ಬಾಯಲ್ಲಿ ಏರಿಯ ಮೇಲಿದ್ದವರಾರೂ ಎಂದೂ ಕೇಳಿದವರಲ್ಲ. ಕೆಂಪಾಜಮ್ಮ ಸೆರಗಿನ ತುದಿಯಿಂದ ಕಣ್ಣೊರೆಸಿಕೊಂಡಳು. ಹೊತ್ತು ಮುಳುಗಿ ಮಬ್ಬು ಕವಿಯತೊಡಗಿತು. ಅಷ್ಟರಲ್ಲಿ ಬೋರೆಯ ಆಚೆ ಮಗ್ಗುಲಲ್ಲಿ, ತೊರೆಯ ಕಡೆಯ ಸೀಗೆ ಮೆಳೆ ಅಲುಗಿತು.

ಗೌಡ ಸುತ್ತ ನೋಡಿದ. ಹತ್ತಲು ಒಂದು ಮರವಿರಲಿಲ್ಲ. ಎಲ್ಲವನ್ನೂ ಅವನೇ ಕಡಿಸಿದ್ದ. ಹತ್ತಿರವಿದ್ದದ್ದು ಅವನ ಎದೆಮಟ್ಟದ ಒಂದು ಕಕ್ಕೆ ಗಿಡ. ಅದನ್ನೇ ಒಂದು ಕೈಯಲ್ಲಿ ಹಿಡಿದುಕೊಂಡ. ಇನ್ನೊಂದು ಕೈಯಲ್ಲಿ ತಟ್ಟೆಯನ್ನು ಮುಂದಕ್ಕೆ ಚಾಚಿದ. ಕರೆದದ್ದು ತಾನೇ, ಬಂದ ಮೇಲೆ ಓಡುವುದು ಮರ್ಯಾದೆಯಲ್ಲ ಎಂದು ಕಣ್ಣು ಮುಚ್ಚಿ ನಿಂತ.

“ಸೀಗೆ ಮುಳ್ಳು ಬಲು ದಟ್ಟವಾಗಿ ಬೆಳೆದದೆ” ಎಂಬ ಮಾತು ಕೇಳಿಸಿತು.

ಕಣ್ಣು ಬಿಟ್ಟರೆ ಎದುರಿಗೆ ಚಿಕ್ಕಣ್ಣೇಗೌಡ, ಕಂಬಳಿಗೆ ಹತ್ತಿದ ಮುಳ್ಳು ಕೀಳುತ್ತ ನಿಂತಿದ್ದ. ತೊರೆಯಾಚೆಯ ತನ್ನ ಹೊಲದಲ್ಲಿದ್ದವನು, ನೀರಿಗಿಳಿದು ದಾಟಿ ಬಂದಿದ್ದ. ಪಂಚೆ ಮೊಣಕಾಲವರೆಗೆ ತೊಯ್ದಿತ್ತು.

“ಅಷ್ಟು ಬಾಯಿಬಿಟ್ಟು ಕರೆದ ಮೇಲೆ ಬರದೆ ಇರೋಕೆ ಆಯ್ತದ ಬೀಗರೆ” ಎಂದ ಅವನು.

ಹಲಗೇಗೌಡ ತಾನು ಕರೆದ ಮಾತುಗಳನ್ನೆಲ್ಲ ಒಂದೊಂದಾಗಿ ನೆನೆದುಕೊಂಡ. ಬೇವಿನ ಮರ, ಸುಮ್ಮನೆ ನಿಂತದ್ದು, ಮಗಳ ಬಾಳು, ರುಮಾಲು. ಒಂದು ಮಾತೂ ಬೀಗನಿಗೆ ಹೊಂದದೆ ಇರಲಿಲ್ಲ. ಅವನು ಬಂಡೆಯ ಮೇಲೆ ಕುಳಿತ. ಚಿಕ್ಕಣ್ಣೇಗೌಡನೂ ಪಕ್ಕದಲ್ಲಿ ಕುಳಿತು, ತಟ್ಟೆಯತ್ತ ಗದ್ದ ತೋರಿಸಿ ಕೇಳಿದ: “ಆ ವೀಳ್ಯ ನನಗೇನಾ?”

ಹಲಗೇಗೌಡ ಒಂದು ಗಳಿಗೆ ಮೆಳೆಯ ಕಡೆ ನೋಡಿದ. ಆಮೇಲೆ ತಟ್ಟೆಯನ್ನು ಮುಂದಕ್ಕೆ ಸರಿಸಿ, “ನಿಮಗೇ ಬೀಗರೆ. ಇನ್ಯಾರಿಗೆ” ಎಂದ.

ಚಿಕ್ಕಣ್ಣೇಗೌಡ ಎಲೆಯ ತೊಟ್ಟು ಮುರಿದು, ನಿಧಾನವಾಗಿ ಅಡಕೆ ಬಾಯಿಗೆ ಹಾಕಿಕೊಂಡ. ಕೆರೆ ಏರಿಯ ಮೇಲಿನವರಿಗೆ ಆ ಮಬ್ಬಿನಲ್ಲಿ ಕಂಡದ್ದೇ ಬೇರೆ. ಮೆಳೆ ಅಲುಗಿದ್ದನ್ನು ಕಂಡರು, ಕಂಬಳಿ ಬಣ್ಣದ ಆಕಾರವೊಂದು ಹೊರಬಂದು ಗೌಡನ ಪಕ್ಕ ಕೂತದ್ದನ್ನು ಕಂಡರು, ಅದು ವೀಳ್ಯ ತೆಗೆದುಕೊಂಡು ಅಗಿಯುವುದನ್ನೂ ಕಂಡರು. ಎಲ್ಲರೂ ಇದ್ದಲ್ಲೇ ಅಡ್ಡಬಿದ್ದರು. ಬೀಗರಿಬ್ಬರೂ ಒಟ್ಟಿಗೆ ಇಳಿದು ಬಂದ ಮೇಲೆ ಉಳಿದವರಿಗೆ ನಿಜ ಗೊತ್ತಾದರೂ ಕಾಳಣ್ಣ ಮಾತ್ರ ಒಪ್ಪಲಿಲ್ಲ. ದೊಡ್ಡವರು ಗೌಡನ ಕೈಯಿಂದ ವೀಳ್ಯ ತೆಗೆದುಕೊಂಡದ್ದನ್ನು ತಾನು ಈ ಎರಡು ಕಣ್ಣಲ್ಲಿ ಕಂಡೆನೆಂದೂ, ಚಿಕ್ಕಣ್ಣೇಗೌಡ ಆಮೇಲೆ ಬಂದವನೆಂದೂ ಸಾಯುವವರೆಗೆ ಹೇಳಿದ. ಬೋರೆಗೆ ಆ ಹೆಸರು ನಿಂತದ್ದು ಅವನಿಂದಲೇ ಎನ್ನುತ್ತಾರೆ.

ಮಾಘದಲ್ಲಿ ಮಲ್ಲಾಜಿಯ ಮದುವೆಯಾಯಿತು. ಇಬ್ಬರ ತಲೆನೋವೂ ಒಂದೇ ದಿನ ವಾಸಿಯಾಯಿತು. ಬೇಸಗೆ ಕಾಲಿಡುವಾಗ, ನೀರಿಗೆ ಹೋದ ಹೆಂಗಸೊಬ್ಬಳು ದೊಣೆಯ ಕೆಸರಿನಲ್ಲಿ ಮುದ್ದೆ ಒತ್ತಿದಂತೆ ಮೂಡಿದ ಹೆಜ್ಜೆಗಳನ್ನು ಕಂಡು ಕೊಡ ಅಲ್ಲೇ ಬಿಟ್ಟು ಓಡಿಬಂದಳು. ನೆರಳು ನೀರು ಕಂಡು ಜಿಂಕೆ ಹಂದಿಗಳು ಬೋರೆಗೆ ಬಂದಿದ್ದವು. ಅವುಗಳ ಹಿಂದೆ ದೊಡ್ಡವರೂ ಬಂದಿದ್ದರು. ಹಲಗೇಗೌಡನ ಹಿತ್ತಿಲಿಗೆ ಮುಸುರೆ ಕುಡಿಯಲು ಬರುತ್ತಿದ್ದ ಆ ಒಂಟಿ ಹಂದಿ ಒಂದು ಬೆಳಿಗ್ಗೆ ಬರಲಿಲ್ಲ. ಎಮ್ಮೆಗಿಂತ ಮೊದಲು ಗೌಡನೇ ಹೋಗಿ ಬಾನಿ ನೋಡಿ, ಮುಸುರೆ ಹಾಗೇ ಇರುವುದನ್ನು ಕಂಡು ಹೆಂಡತಿಯನ್ನು ಕೂಗಿ ತೋರಿಸಿದ. ಆ ವರ್ಷ ಹಗೇವು ತುಂಬಿತು. ಬಿಟ್ಟುಹೋದವರು ಗಾಡಿ ತಿರುಗಿಸಿಕೊಂಡು ಬಂದರು. ಈಗ ತಕರಾರು ತೆಗೆದವರು ನೇರಳೆಕೊಪ್ಪಲಿನವರು: ತಮ್ಮಲ್ಲಿದ್ದ ಹುಲಿಯನ್ನು ಕಕ್ಕೆಹುಂಡಿಯವರು ವೀಳ್ಯ ಕೊಟ್ಟು ಒಲಿಸಿಕೊಂಡು ಹೋದರೆಂದು. ಬೀಗರಿಬ್ಬರೂ ತೊರೆಯ ನಡುಗಲ್ಲಿನ ಮೇಲೆ ಕುಳಿತು ತೀರ್ಮಾನ ಮಾಡಿದರು. ಬೋರೆಯಿಂದ ತೊರೆಗೂ ತೊರೆಯಿಂದ ಆಚೆ ಕಾಡಿಗೂ ಒಂದು ಪಟ್ಟಿ ಮೆಳೆಯನ್ನು ಯಾರೂ ಕಡಿಯದೆ ಬಿಡುವುದು. ದೊಡ್ಡವರು ಮನಸ್ಸು ಬಂದಾಗ ಎರಡೂ ಕಡೆ ಓಡಾಡಿಕೊಂಡಿರಲಿ. ಯಾರ ದನ ಹೋದರೂ ಎರಡು ಊರೂ ಸೇರಿ ಇನ್ನೊಂದು ಕರು ಕೊಡುವುದು.

ಎಷ್ಟೋ ವರ್ಷದ ಮೇಲೆ, ಹಲಗೇಗೌಡ ತೀರಿಹೋದ ಬಳಿಕ, ಮಲ್ಲಾಜಿ ಒಂದು ಮಧ್ಯಾಹ್ನ ಮಾವನಿಗೆ ಎಲೆ ಅಡಕೆ ಕುಟ್ಟಿಕೊಡುತ್ತ, ತಡೆಯಲಾರದೆ ಕೇಳಿಯೇಬಿಟ್ಟಳು: “ಮಾವ, ಆವತ್ತು ನಮ್ಮಪ್ಪ ಬೋರೆ ಮೇಲೆ ನಿಂತು ಕರೆದದ್ದು ಯಾರನ್ನ ಅಂತ ನಿಮಗೆ ಗೊತ್ತಾ?”

ಹಲ್ಲಿಲ್ಲದ ಚಿಕ್ಕಣ್ಣೇಗೌಡ ಕುಟ್ಟಿದ ಅಡಕೆಯನ್ನು ಒಂದು ದವಡೆಯಿಂದ ಇನ್ನೊಂದು ದವಡೆಗೆ ಸಾಗಿಸಿದ. “ಗೊತ್ತು ಕನವ್ವ” ಎಂದ. “ನಿಮ್ಮಪ್ಪ ನನ್ನ ಯಾವತ್ತಾರ ದೊಡ್ಡವರೇ ಅಂದಿದ್ನ? ಆದರೆ ತಪ್ಪಾಯ್ತು ಅನ್ನೋ ಮಾತು ಆ ಬಾಯಿಂದ ಇನ್ನೊಂದು ಸಲ ಬರೋದಿಲ್ಲ ಅಂತಲೂ ಗೊತ್ತಿತ್ತು. ಹುಲಿಗೆ ಅದನ್ನ ತಕೊಂಡು ಆಗಬೇಕಾದ್ದೇನು? ಅದಕ್ಕೇ, ಅದು ಬರೋದರೊಳಗೆ ನಾನೇ ಬಂದು ತಕೊಂಡೆ.”

ಇಂದಿಗೂ ಬೋರೆಯ ಮೇಲೆ ಯಾರೂ ಕೊಡಲಿ ಎತ್ತುವುದಿಲ್ಲ. ದೊಣೆಯ ಹೂಳನ್ನು ಎರಡೂ ಊರಿನವರು ಸೇರಿ ವರ್ಷಕ್ಕೊಮ್ಮೆ ತೆಗೆಯುತ್ತಾರೆ. ಬಂಡೆಯ ಮೇಲೆ ನಿಂತರೆ, ಎರಡು ಬದಿಯ ಹೊಲಗಳ ನಡುವೆ ತೊರೆಯತ್ತ ಇಳಿದು ಆಚೆ ಕಾಡಿಗೆ ಸೇರುವ ದಟ್ಟ ಮೆಳೆಯ ಪಟ್ಟಿ ಸ್ಪಷ್ಟವಾಗಿ ಕಾಣುತ್ತದೆ. ಅದರ ಎರಡೂ ಅಂಚಿಗೆ ಕಾಡಿನ ಇಲಾಖೆಯವರು ಈಚೆಗೆ ಮರಗಳಿಗೆ ಕ್ಯಾಮೆರಾ ಕಟ್ಟಿದ್ದಾರೆ, ಅದರಲ್ಲಿ ಆಗಾಗ ಪಟ್ಟೆಯ ಮೈಯೊಂದು ಹಾದುಹೋಗುತ್ತದೆಯಂತೆ. ಕಾರ್ತಿಕದಲ್ಲಿ ಬಂದರೆ ಇನ್ನೊಂದನ್ನೂ ನೋಡಬಹುದು. ಒಂದು ಸೋಮವಾರ, ಬಿಸಿಲು ಇರುವಾಗಲೇ, ಕಕ್ಕೆಹುಂಡಿಯ ಹಿರಿಯನೊಬ್ಬ ಬೀಗರ ಊರಿನ ಹಿರಿಯನೊಂದಿಗೆ ಬಂಡೆ ಹತ್ತಿ, ವೀಳ್ಯದ ತಟ್ಟೆ ಇಟ್ಟು, ‘ದೊಡ್ಡವರೇ, ಬನ್ನಿ’ ಎಂದು ಕರೆಯುತ್ತಾನೆ. ಕರೆದಾದ ಮೇಲೆ, ಬಂದರೋ ಇಲ್ಲವೋ ಎಂದು ನೋಡಲು ಇಬ್ಬರೂ ಅಲ್ಲಿ ನಿಲ್ಲುವುದಿಲ್ಲ.